ಮೀಸಲಾತಿ ತಕರಾರು ಕೋರ್ಟಿನಲ್ಲಿದೆ, ನೇಮಕಾತಿ ನಿಲ್ಲಬೇಕೇ?

ಸರ್ಕಾರಿ ನೌಕರಿಯಲ್ಲಿ ಮೀಸಲಾತಿ ಇರಬೇಕೋ ಬೇಡವೋ ಅನ್ನುವ ಚರ್ಚೆ ಇಲ್ಲಿ ಬೇಡ. 1918ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ಮಿಲ್ಲರ್ ಸಮಿತಿ ನೇಮಿಸಿದಾಗಿನಿಂದ ನಮ್ಮ ನಾಡಿನಲ್ಲಿ ಆ ಮಾತು ನಡೆದೇ ಇದೆ. ಇಲ್ಲಿರುವುದು ಅದಕ್ಕಿಂತ ಚಿಕ್ಕ ಪ್ರಶ್ನೆ, ಆದರೆ ಪರೀಕ್ಷೆ ಬರೆದು ಕೂತವರಿಗೆ ಅದೇ ದೊಡ್ಡದು. ಅಧಿಸೂಚನೆ ಬಂತು, ಪರೀಕ್ಷೆ ಮುಗಿಯಿತು, ತಾತ್ಕಾಲಿಕ ಆಯ್ಕೆ ಪಟ್ಟಿಯೂ ಹೊರಬಿತ್ತು. ಅಷ್ಟರಲ್ಲಿ ಯಾರೋ ಕೋಟಾ ಲೆಕ್ಕವೇ ತಪ್ಪು ಅಂತ ಕೆಎಟಿಗೋ (ಸರ್ಕಾರಿ ನೌಕರಿಯ ತಕರಾರು ಕೇಳುವ ಕರ್ನಾಟಕ ಆಡಳಿತ ನ್ಯಾಯಮಂಡಳಿ) ಹೈಕೋರ್ಟಿಗೋ ಹೋದರು. ಈಗ ತೀರ್ಪು ಬರುವವರೆಗೆ ಎಲ್ಲವನ್ನೂ ನಿಲ್ಲಿಸಬೇಕಾ? ಇಲ್ಲಾ, ‘ತೀರ್ಪಿಗೆ ಒಳಪಟ್ಟು’ ಅಂತ ಒಂದು ಸಾಲು ಸೇರಿಸಿ ನೇಮಕಾತಿ ಆದೇಶ ಕೊಟ್ಟುಬಿಡಬೇಕಾ?

ಪರ: ಮೊದಲು ತೀರ್ಪು ಬರಲಿ, ಆಮೇಲೆ ಆದೇಶ

ಆ ಒಂದು ಸಾಲಿನಿಂದಲೇ ಶುರು ಮಾಡೋಣ. ‘ಈ ನೇಮಕಾತಿಯು ನ್ಯಾಯಾಲಯದ ಅಂತಿಮ ತೀರ್ಪಿಗೆ ಒಳಪಟ್ಟಿರುತ್ತದೆ.’ ಓದಿದರೆ ಸಮಾಧಾನ ಆಗುತ್ತದೆ. ತಪ್ಪಾಗಿದ್ದರೆ ಮುಂದೆ ಸರಿಹೋಗುತ್ತದೆ ಬಿಡು ಅನಿಸುತ್ತದೆ. ಆದರೆ ಒಳಗೆ ಹೋದವರನ್ನು ಈ ಸಾಲಿನ ಬಲದಿಂದ ಹೊರಗೆ ಕಳಿಸುವುದು ಎಷ್ಟು ಕಷ್ಟ ಅನ್ನುವುದು ಕೋರ್ಟಿಗೂ ಗೊತ್ತು, ಸರ್ಕಾರಕ್ಕೂ ಗೊತ್ತು.

ಉತ್ತರ ಪ್ರದೇಶದ 69,000 ಸಹಾಯಕ ಶಿಕ್ಷಕರ ನೇಮಕಾತಿ ನೋಡಿ. ಪರೀಕ್ಷೆ ನಡೆದದ್ದು 2019ರ ಜನವರಿಯಲ್ಲಿ. 2020ರಲ್ಲಿ ನೇಮಕ ಶುರುವಾಯಿತು. ತಕರಾರು ಇಷ್ಟೇ: ಸಾಮಾನ್ಯ ವರ್ಗದ ಕಟ್ ಆಫ್‌ಗಿಂತ ಹೆಚ್ಚು ಅಂಕ ತೆಗೆದ ಮೀಸಲು ವರ್ಗದವರನ್ನು ಸಾಮಾನ್ಯ ಪಟ್ಟಿಗೆ ಏರಿಸಬೇಕಿತ್ತು. ಹಾಗೆ ಮಾಡದೆ ಅವರನ್ನು ಅವರವರ ಕೋಟಾದಲ್ಲೇ ಎಣಿಸಿದ್ದರಿಂದ ಕೋಟಾ ಬೇಗ ತುಂಬಿತು, ಅವರ ಕೆಳಗಿನವರಿಗೆ ಜಾಗ ಸಿಗಲಿಲ್ಲ. 2022ರ ಜನವರಿಯಲ್ಲಿ ಸರ್ಕಾರವೇ 6,800 ಹೆಸರುಗಳ ಇನ್ನೊಂದು ಪಟ್ಟಿ ಬಿಟ್ಟಿತು. ಅಂದರೆ ಏನೋ ತಪ್ಪಾಗಿದೆ ಅಂತ ಅರ್ಧ ಒಪ್ಪಿಕೊಂಡ ಹಾಗಾಯಿತು. 2023ರ ಮಾರ್ಚಿನಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠ ಆ ಪಟ್ಟಿಯನ್ನು ರದ್ದು ಮಾಡಿತು. 2024ರ ಆಗಸ್ಟಿನಲ್ಲಿ ವಿಭಾಗೀಯ ಪೀಠ ಇಡೀ ಆಯ್ಕೆ ಪಟ್ಟಿಯನ್ನೇ ಹೊಸದಾಗಿ ಮಾಡಿ ಅಂದಿತು. ಮುಂದಿನ ತಿಂಗಳೇ ಸುಪ್ರೀಂ ಕೋರ್ಟ್ ಅದಕ್ಕೆ ತಡೆ ಕೊಟ್ಟಿತು.

ಅಷ್ಟು ಹೊತ್ತಿಗೆ ಒಳಗಿದ್ದವರು ನಾಲ್ಕು ವರ್ಷ ಪಾಠ ಮಾಡಿದ್ದರು. ಸಂಬಳದ ಚೀಟಿ ತೋರಿಸಿ ಸಾಲ ತೆಗೆದಿರುತ್ತಾರೆ, ಮದುವೆ ಆಗಿರುತ್ತದೆ, ಮಕ್ಕಳನ್ನು ಶಾಲೆಗೆ ಸೇರಿಸಿರುತ್ತಾರೆ. ಅವರು ಮೋಸ ಮಾಡಿ ಬಂದವರಲ್ಲ. ಪರೀಕ್ಷೆ ಬರೆದರು, ಪಟ್ಟಿಯಲ್ಲಿ ಹೆಸರು ಬಂತು, ಹೋಗಿ ಸೇರಿಕೊಂಡರು. ಹೊರಗಿದ್ದವರೂ ಅದೇ ಪರೀಕ್ಷೆ ಬರೆದವರೇ. ಕೋಟಾ ಸರಿಯಾಗಿ ಎಣಿಸಿದ್ದರೆ ತರಗತಿಯಲ್ಲಿ ಇರಬೇಕಾದವರು ಅಷ್ಟೂ ವರ್ಷ ಧರಣಿಯಲ್ಲಿ ಕೂತರು. ಈಗ ಯಾರ ಪರ ತೀರ್ಪು ಕೊಟ್ಟರೂ ತಪ್ಪಿಲ್ಲದ ಒಬ್ಬರಿಗೆ ಏಟು. ಮೊದಲೇ ನಿಲ್ಲಿಸಿ ಲೆಕ್ಕ ಸರಿಮಾಡಿದ್ದರೆ ಈ ಎರಡು ಗುಂಪು ಹುಟ್ಟುತ್ತಲೇ ಇರಲಿಲ್ಲ.

‘ತಕರಾರಿರುವ ಕೆಲವೇ ಹುದ್ದೆ ಬಿಟ್ಟು ಉಳಿದದ್ದು ತುಂಬಿ’ ಅನ್ನುವ ಸಲಹೆ ಕೇಳಲು ಚೆನ್ನಾಗಿದೆ. ಆದರೆ ಆಯ್ಕೆ ಪಟ್ಟಿಯನ್ನು ಹತ್ತಿರದಿಂದ ನೋಡಿದವರು ಇದನ್ನು ಸುಲಭಕ್ಕೆ ಒಪ್ಪಲ್ಲ. ನಮ್ಮ ರಾಜ್ಯದ ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿ ನೆನಪಿದೆ ಅಲ್ವಾ? 2022ರಲ್ಲಿ 6ರಿಂದ 8ನೇ ತರಗತಿಗೆ 15,000 ಹುದ್ದೆ. ಮದುವೆಯಾದ ಹಲವು ಅಭ್ಯರ್ಥಿಗಳು ತಂದೆಯ ಹೆಸರಿನ ಜಾತಿ-ಆದಾಯ ಪ್ರಮಾಣಪತ್ರ ಕೊಟ್ಟಿದ್ದರು. ಗಂಡನ ಆದಾಯದ ಪತ್ರ ಬೇಕಿತ್ತು ಅಂತ ಹೇಳಿ ಇಲಾಖೆ ಅವರನ್ನು ಹಿಂದುಳಿದ ವರ್ಗದಿಂದ ತೆಗೆದು ಸಾಮಾನ್ಯ ವರ್ಗಕ್ಕೆ ಹಾಕಿತು. ಅವರು ಕೋರ್ಟಿಗೆ ಹೋದರು.

ಈಗ ಒಂದು ಲೆಕ್ಕ ಮಾಡೋಣ. ಅಂಕಗಳು ಉದಾಹರಣೆಗೆ ಮಾತ್ರ. ಒಂದು ಜಿಲ್ಲೆಯಲ್ಲಿ ಸಾಮಾನ್ಯ ವರ್ಗದ ಮಹಿಳೆಯರ ಕಟ್ ಆಫ್ 68. ಹಿಂದುಳಿದ ವರ್ಗಗಳಲ್ಲಿ ಒಂದಾದ 2ಎ ಮಹಿಳೆಯರದ್ದು 64. ನಮ್ಮ ಅಭ್ಯರ್ಥಿಗೆ 66 ಬಂದಿದೆ. 2ಎ ಅಂತ ಎಣಿಸಿದರೆ ಆರಾಮಾಗಿ ಒಳಗೆ. ಸಾಮಾನ್ಯ ಅಂತ ಎಣಿಸಿದ್ದರಿಂದ ಹೊರಗೆ. ಕೋರ್ಟು ‘ತಂದೆಯ ಪತ್ರವೇ ಸಾಕು’ ಅಂದಿತು ಅಂದುಕೊಳ್ಳಿ. ಆಕೆ ಒಳಗೆ ಬರುತ್ತಾಳೆ, ಹಾಗಾಗಿ ಯಾರೋ ಒಬ್ಬರು ಹೊರಗೆ ಹೋಗಬೇಕು. 64 ಅಂಕದವಳು ಹೋಗಬೇಕಾ? ಆಕೆ ಬಂದಿರುವುದು ಗ್ರಾಮೀಣ ಮೀಸಲಾತಿಯ ಜಾಗದಲ್ಲಿ. ಹೊಸದಾಗಿ ಬಂದವಳು ಪಟ್ಟಣದಲ್ಲಿ ಓದಿದವಳು. 64ರವಳನ್ನು ತೆಗೆದರೆ ಗ್ರಾಮೀಣದವರ ಪಾಲು ಕಡಿಮೆ ಬೀಳುತ್ತದೆ. ಹಾಗಾಗಿ ಗ್ರಾಮೀಣ ಪತ್ರ ಇಲ್ಲದ, 65 ಅಂಕ ತೆಗೆದ ಇನ್ನೊಬ್ಬಳನ್ನು ತೆಗೆಯಬೇಕಾಗುತ್ತದೆ. ನನಗಿಂತ ಕಡಿಮೆ ಅಂಕದವಳು ಒಳಗಿದ್ದಾಳೆ, ನಾನ್ಯಾಕೆ ಹೊರಗೆ ಅಂತ ಈಗ ಆಕೆ ವಕೀಲರನ್ನು ಹುಡುಕುತ್ತಾಳೆ. ಒಂದೇ ಒಂದು ಪ್ರಮಾಣಪತ್ರದ ಕತೆ ಇದು. ಇದರ ಮೇಲೆ ಕನ್ನಡ ಮಾಧ್ಯಮ, ಅಂಗವಿಕಲರು, ಮಾಜಿ ಸೈನಿಕರು, ಯೋಜನಾ ನಿರಾಶ್ರಿತರು, ಸಂವಿಧಾನದ 371(ಜೆ) ಅಡಿಯ ಕಲ್ಯಾಣ ಕರ್ನಾಟಕದ ಪಟ್ಟಿ ಎಲ್ಲ ಬಂದು ಸೇರುತ್ತವೆ. ಜಾತಿಯ ಕೋಟಾ ಮೇಲಿಂದ ಕೆಳಗೆ ಇಳಿಯುತ್ತದೆ, ಈ ಮೀಸಲಾತಿಗಳು ಅಡ್ಡಡ್ಡ ಹಾದುಹೋಗುತ್ತವೆ. ಸ್ವೆಟರಿನ ಒಂದು ಎಳೆ ಜಗ್ಗಿದರೆ ಇನ್ನೆಲ್ಲೋ ತೂತು ಬೀಳುವ ಹಾಗೆ. ಇಂಥ ಪಟ್ಟಿಯಲ್ಲಿ ಯಾವುದನ್ನು ‘ತಕರಾರಿಲ್ಲದ ಭಾಗ’ ಅಂತ ಬೇರೆ ತೆಗೆದಿಡುತ್ತೀರಿ?

ಇನ್ನೊಂದು ಕಾರಣ ಇದೆ. ನನ್ನ ಮಟ್ಟಿಗೆ ಇದೇ ಮುಖ್ಯ. ಸ್ಟೇ ಬರಲ್ಲ ಅಂತ ಗೊತ್ತಾದರೆ ಸರ್ಕಾರಗಳಿಗೆ ಧೈರ್ಯ ಬರುತ್ತದೆ. ಬಿಹಾರ 2023ರಲ್ಲಿ ಮೀಸಲಾತಿಯನ್ನು ಶೇ 65ಕ್ಕೆ ಏರಿಸಿತು. ಇಂದ್ರಾ ಸಾಹ್ನಿ ಪ್ರಕರಣದ ಒಂಬತ್ತು ನ್ಯಾಯಮೂರ್ತಿಗಳ ಪೀಠ 1992ರಲ್ಲೇ ಶೇ 50ರ ಗೆರೆ ಎಳೆದಿದ್ದು ಅವರಿಗೆ ಗೊತ್ತಿಲ್ಲದ ಸಂಗತಿ ಏನಲ್ಲ. 2024ರ ಜೂನ್‌ನಲ್ಲಿ ಪಟ್ನಾ ಹೈಕೋರ್ಟ್ ಆ ಏರಿಕೆಯನ್ನು ರದ್ದು ಮಾಡಿತು. ಇಂಥ ಕಡೆ ಕಾನೂನು ತಂದ ವೇಗದಲ್ಲೇ ಸಾವಿರಾರು ಜನಕ್ಕೆ ಆದೇಶ ಕೊಟ್ಟುಬಿಟ್ಟರೆ, ನಾಳೆ ಕೋರ್ಟಿನ ಮುಂದೆ ನಿಂತು ಹೇಳುವ ಮಾತು ಸಿದ್ಧವೇ ಇರುತ್ತದೆ: ಸ್ವಾಮಿ, ಇಷ್ಟೊಂದು ಕುಟುಂಬಗಳು ಬೀದಿಗೆ ಬೀಳುತ್ತವೆ, ದಯವಿಟ್ಟು ಕೈ ಹಾಕಬೇಡಿ. ಕೆಲಸ ಕೊಟ್ಟು ಮುಗಿಸಿ ಆಮೇಲೆ ಕನಿಕರ ಕೇಳುವ ಈ ಚಾಳಿಗೆ ಮದ್ದು ಅಂದರೆ ತಡೆಯಾಜ್ಞೆ ಒಂದೇ.

ಬಡ್ತಿಯ ಕತೆಯನ್ನೂ ಒಂದೆರಡು ಮಾತಿನಲ್ಲಿ ಹೇಳಬೇಕು, ಯಾಕೆಂದರೆ ಅದು ಪೂರ್ತಿ ನಮ್ಮದೇ. ಮೀಸಲಾತಿಯಲ್ಲಿ ಬಡ್ತಿ ಪಡೆದವರ ಜ್ಯೇಷ್ಠತೆ ಉಳಿಸಲು ಕರ್ನಾಟಕ 2002ರಲ್ಲಿ ಒಂದು ಕಾಯ್ದೆ ಮಾಡಿತು. ಬಡ್ತಿಗಳು ನಡೆಯುತ್ತಲೇ ಹೋದವು. 2017ರ ಫೆಬ್ರುವರಿಯಲ್ಲಿ ಬಿ.ಕೆ. ಪವಿತ್ರಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ ಕಾಯ್ದೆಯ ಮುಖ್ಯ ಭಾಗವನ್ನು ಹೊಡೆದುಹಾಕಿತು. ಜ್ಯೇಷ್ಠತಾ ಪಟ್ಟಿಗಳನ್ನು ತಿರುಗಿ ಬರೆದರು, ಹಿಂಬಡ್ತಿಗಳು ಬಂದವು. ರತ್ನಪ್ರಭಾ ಸಮಿತಿಯ ವರದಿ ಇಟ್ಟುಕೊಂಡು ಸರ್ಕಾರ ಹೊಸ ಕಾಯ್ದೆ ಮಾಡಿತು. 2019ರ ಮೇ ತಿಂಗಳಲ್ಲಿ ಅದೇ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಪಟ್ಟಿಗಳನ್ನು ಮತ್ತೆ ತಿರುಗಿಸಿದರು. ಕೆಳಗೆ ಇಳಿದವರು ಮೇಲೆ, ಮೇಲೆ ಹೋದವರು ಕೆಳಗೆ. ಒಂದೇ ಕಚೇರಿಯಲ್ಲಿ ನಿನ್ನೆಯ ಮೇಲಧಿಕಾರಿ ಇವತ್ತು ಕೈಕೆಳಗಿನವರಾಗಿ ಕೂತರೆ ಅಲ್ಲಿ ಕೆಲಸ ಹೇಗೆ ನಡೆಯುತ್ತದೆ ಅಂತ ಯಾರೂ ಹೇಳಿಕೊಡಬೇಕಿಲ್ಲ.

ತಡ ಆಗುತ್ತದೆ, ನಿಜ. ಆದರೆ ಸರ್ಕಾರಿ ನೌಕರಿ ಅಂದರೆ ಮೂವತ್ತು ವರ್ಷದ ಸೇವೆ. ಅದರ ಮುಂದೆ ಆರು ತಿಂಗಳು, ಒಂದು ವರ್ಷ ದೊಡ್ಡದಲ್ಲ. ವಯಸ್ಸು ಮೀರುವವರಿಗೆ ಸಡಿಲಿಕೆ ಕೊಡಬಹುದು, ಕೊಟ್ಟೂ ಇದ್ದಾರೆ. ಪರೀಕ್ಷೆ ನಿಲ್ಲಿಸಿ, ಕೀ ಉತ್ತರ ನಿಲ್ಲಿಸಿ ಅಂತ ನಾನು ಹೇಳುತ್ತಿಲ್ಲ. ಅದೆಲ್ಲ ನಡೆಯಲಿ. ಅಂತಿಮ ಪಟ್ಟಿಯ ಮುಂದೆ ಮಾತ್ರ ನಿಲ್ಲಿ. ನೇಮಕಾತಿ ನಿಂತಿದೆ ಅಂದರೆ ಅರ್ಜಿದಾರರಿಗೂ ಅವಸರ, ಆಯ್ಕೆಯಾದವರಿಗೂ ಅವಸರ, ಇಲಾಖೆಗೂ ಅವಸರ. ವಿಚಾರಣೆ ಬೇಗ ಮುಗಿಯುತ್ತದೆ. ಆದೇಶ ಕೊಟ್ಟುಬಿಟ್ಟ ಮೇಲೆ ಕೇಸು ಬೇಗ ಮುಗಿಯಬೇಕು ಅನ್ನುವ ಹಟ ಹೊರಗೆ ಉಳಿದವನಿಗೆ ಮಾತ್ರ ಇರುತ್ತದೆ, ಅವನ ಹತ್ತಿರ ವಕೀಲರ ಫೀಸಿಗೂ ದುಡ್ಡಿರಲ್ಲ.

ವಿರೋಧ: ಹುದ್ದೆ ಬೇಕಿದ್ದರೆ ಕಾಯಲಿ, ವಯಸ್ಸು ಕಾಯಲ್ಲ

ಸ್ಟೇ ಕೊಟ್ಟರೆ ಎಲ್ಲವೂ ಇದ್ದಲ್ಲೇ ಇರುತ್ತದೆ, ಯಾರಿಗೂ ನಷ್ಟ ಆಗಲ್ಲ ಅನ್ನುವುದು ಮೇಲಿನ ವಾದದ ಬುನಾದಿ. ಇದ್ದಲ್ಲೇ ಇರುವುದು ಫೈಲು ಒಂದೇ. ಕರ್ನಾಟಕದಲ್ಲಿ ಸಾಮಾನ್ಯವಾಗಿ ಸರ್ಕಾರಿ ನೇಮಕಾತಿಗೆ ವಯಸ್ಸಿನ ಮಿತಿ ಸಾಮಾನ್ಯ ವರ್ಗಕ್ಕೆ 35, ಹಿಂದುಳಿದ ವರ್ಗಗಳಿಗೆ 38, ಪರಿಶಿಷ್ಟ ಜಾತಿ, ಪಂಗಡ ಮತ್ತು ಪ್ರವರ್ಗ-1ಕ್ಕೆ 40. ತಡೆಯಾಜ್ಞೆ ಹುಟ್ಟಿದ ದಿನಾಂಕಕ್ಕೆ ಅನ್ವಯ ಆಗಲ್ಲ.

ಧಾರವಾಡದ ಸಪ್ತಾಪುರಕ್ಕೋ ಬೆಂಗಳೂರಿನ ವಿಜಯನಗರಕ್ಕೋ ಹೋಗಿ ನೋಡಿ. ಒಂದು ರೂಮು, ಮೂರೋ ನಾಲ್ಕೋ ಜನ. ಓದುವುದಕ್ಕೆ ಲೈಬ್ರರಿಯಲ್ಲಿ ತಿಂಗಳ ಬಾಡಿಗೆಗೆ ಒಂದು ಕುರ್ಚಿ. ಗೋಡೆ ಮೇಲೆ ಹಳೆ ಪ್ರಶ್ನೆಪತ್ರಿಕೆ, ಮೊಬೈಲಿನಲ್ಲಿ ಟೆಲಿಗ್ರಾಂ ಗುಂಪು, ಅದರಲ್ಲಿ ಬೆಳಗ್ಗೆಯಿಂದ ರಾತ್ರಿವರೆಗೆ ಒಂದೇ ಪ್ರಶ್ನೆ: ‘ಕೇಸ್ ಇವತ್ತು ಲಿಸ್ಟ್ ಆಗಿದೆಯಾ?’ ಮನೆಯಿಂದ ಫೋನ್ ಬಂದರೆ ಆ ಕಡೆಯಿಂದ ಅಪ್ಪ ಕೇಳುವುದೂ ಅದನ್ನೇ. ‘ಆರ್ಡರ್ ಯಾವಾಗಪ್ಪಾ?’ ಹುಡುಗಿಯರಾದರೆ ಇನ್ನೂ ಬೇರೆ ಕತೆ. ಇನ್ನೊಂದು ವರ್ಷ ಓದಿಸುವ ಬದಲು ಗಂಡು ನೋಡುತ್ತಾರೆ. ಮದುವೆ ಆದರೆ ಮುಂದಿನ ಅಧಿಸೂಚನೆಗೆ ಅಪ್ಪನ ಆದಾಯವೋ ಗಂಡನ ಆದಾಯವೋ ಅನ್ನುವ ಪ್ರಶ್ನೆ ಹುಟ್ಟುತ್ತದೆ. ಮೇಲಿನವರು ಅಷ್ಟು ವಿವರವಾಗಿ ಹೇಳಿದ ಪ್ರಮಾಣಪತ್ರದ ಜಗಳ ಅದೇ ಅಲ್ವಾ? ಒಂದು ನೇಮಕಾತಿ ನಿಲ್ಲಿಸಿದರೆ ಮುಂದಿನದಕ್ಕೆ ಹತ್ತು ಕೇಸು ತಯಾರಾಗುತ್ತವೆ. ಹಳೆ ಪ್ರಮಾಣಪತ್ರದ ಅವಧಿ ಮುಗಿಯುತ್ತದೆ, ನಿಯಮ ಬದಲಾಗುತ್ತದೆ, ಆಗಲೇ ಹೊಸ ಬ್ಯಾಚ್ ಬಂದು ಬಾಗಿಲಲ್ಲಿ ನಿಂತಿರುತ್ತದೆ.

ತಡೆಯಾಜ್ಞೆಯ ಏಟು ಹೆಚ್ಚಾಗಿ ಬೀಳುವುದು ಮೀಸಲಾತಿ ಯಾರಿಗಾಗಿ ಇದೆಯೋ ಅವರ ಮೇಲೇ. ಕೇಂದ್ರದ ನೌಕರಿಯಲ್ಲಿ ಹಿಂದುಳಿದ ವರ್ಗಗಳಿಗೆ ಶೇ 27 ಕೊಡುವ ಮಂಡಲ್ ಆದೇಶ ಹೊರಬಿದ್ದದ್ದು 1990ರ ಆಗಸ್ಟ್ 13ಕ್ಕೆ. ಅಕ್ಟೋಬರ್ 1ಕ್ಕೆ ಸುಪ್ರೀಂ ಕೋರ್ಟ್ ಸ್ಟೇ ಕೊಟ್ಟಿತು. ತೀರ್ಪು ಬಂದದ್ದು 1992ರ ನವೆಂಬರ್ 16ಕ್ಕೆ. ಕೆನೆಪದರದ (ಹಿಂದುಳಿದವರಲ್ಲೇ ಉಳ್ಳವರನ್ನು ಹೊರಗಿಡುವ) ಮಾನದಂಡ ಹಾಕಿ ಹೊಸ ಆದೇಶ ಹೊರಡಿಸುವಾಗ 1993ರ ಸೆಪ್ಟೆಂಬರ್ ಆಗಿತ್ತು. ಶೇ 27 ಸರಿ ಅಂತಲೇ ಕೋರ್ಟು ಕೊನೆಗೆ ಹೇಳಿತು. ಆದರೆ ಆ ಮೂರು ವರ್ಷದಲ್ಲಿ ಕೇಂದ್ರದ ಪರೀಕ್ಷೆಗೆ ವಯಸ್ಸು ಮೀರಿದ ಹಿಂದುಳಿದ ವರ್ಗದ ಹುಡುಗನಿಗೆ ಗೆದ್ದ ಕೇಸಿನಿಂದ ಸಿಕ್ಕಿದ್ದೇನು? ಮೀಸಲಾತಿ ಸಕ್ರಮ ಅನ್ನುವ ಸುದ್ದಿಯನ್ನು ಅವನು ಪೇಪರಿನಲ್ಲಿ ಓದಿರುತ್ತಾನೆ, ಅಷ್ಟೇ. ನಿಲ್ಲಿಸುವುದರಿಂದ ಯಾರಿಗೂ ನಷ್ಟ ಇಲ್ಲ ಅನ್ನುವವರು ಅವನಿಗೆ ಏನು ಹೇಳುತ್ತಾರೋ ನೋಡಬೇಕು.

ಈಗ ಮತ್ತೆ ಆ ಪದವೀಧರ ಶಿಕ್ಷಕರ ನೇಮಕಾತಿಗೆ ಬರೋಣ. ಮೊದಲ ವಾದ ಅದನ್ನು ಅರ್ಧಕ್ಕೆ ಬಿಟ್ಟಿದೆ. ತಾತ್ಕಾಲಿಕ ಪಟ್ಟಿ ಬಂದದ್ದು 2022ರ ನವೆಂಬರಿನಲ್ಲಿ. 2023ರ ಜನವರಿ ಕೊನೆಯಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠ ಆ ಪಟ್ಟಿಯನ್ನು ರದ್ದು ಮಾಡಿತು. ಅಕ್ಟೋಬರಿನಲ್ಲಿ ವಿಭಾಗೀಯ ಪೀಠ ಆ ತೀರ್ಪನ್ನು ಬದಿಗಿಟ್ಟು, ಸೇವಾ ವಿಷಯ ಮೊದಲು ಹೋಗಬೇಕಾದದ್ದು ಕೆಎಟಿಗೆ ಅಂತ ಹೇಳಿ, ನೇಮಕಕ್ಕೆ ದಾರಿ ಬಿಟ್ಟಿತು. ಹತ್ತಿರ ಹತ್ತಿರ ಒಂದು ವರ್ಷ. ನಡುವೆ ಜೂನ್ ಬಂತು, ಶಾಲೆ ಶುರುವಾಯಿತು, ಆರನೇ ತರಗತಿಗೆ ಬಂದ ಮಕ್ಕಳಿಗೆ ವಿಜ್ಞಾನ, ಗಣಿತಕ್ಕೆ ಕಾಯಂ ಶಿಕ್ಷಕರಿಲ್ಲ. ಅತಿಥಿ ಶಿಕ್ಷಕರು ಬಂದರು. ಅವರದ್ದು ಕಡಿಮೆ ಸಂಬಳ, ಮುಂದಿನ ವರ್ಷದ ಭರವಸೆ ಇಲ್ಲ. ಅತಿಥಿ ಶಿಕ್ಷಕರನ್ನು ತೆಗೆದುಕೊಳ್ಳುವಾಗ ರೋಸ್ಟರ್ ಬಿಂದು (ಸರದಿ ಪಟ್ಟಿಯಲ್ಲಿ ಆ ಹುದ್ದೆ ಯಾವ ವರ್ಗದ್ದು ಅನ್ನುವ ಗುರುತು) ಯಾವುದು ಅಂತ ಯಾರು ಕೇಳುತ್ತಾರೆ? ಕೋಟಾ ಲೆಕ್ಕ ಸರಿ ಇರಲಿ ಅಂತ ನಿಲ್ಲಿಸಿದ ನೇಮಕಾತಿಯ ಜಾಗದಲ್ಲಿ ಕೋಟಾದ ಲೆಕ್ಕವನ್ನೇ ಕೇಳದ ನೇಮಕಾತಿ ನಡೆಯುತ್ತದೆ.

ಮತ್ತೊಂದು ಮಾತು. 15,000 ಹುದ್ದೆಗೆ ಆ ಪಟ್ಟಿಯಲ್ಲಿ ಇದ್ದದ್ದು 13 ಸಾವಿರ ಚಿಲ್ಲರೆ ಹೆಸರು. ಅರ್ಹರು ಸಿಗದೆ ಸಾವಿರಕ್ಕೂ ಹೆಚ್ಚು ಹುದ್ದೆ ಹಾಗೇ ಉಳಿದಿದ್ದವು. ಅರ್ಜಿ ಹಾಕಿದ ಮಹಿಳೆಯರ ಸಂಖ್ಯೆ ಅದಕ್ಕಿಂತ ತೀರಾ ಕಡಿಮೆ. ಎಲ್ಲ ಕಡೆ ಜಿಲ್ಲೆ, ವಿಷಯ, ವರ್ಗ ಹೊಂದಿ ಬರುತ್ತಿರಲಿಲ್ಲ, ಒಪ್ಪೋಣ. ಹೊಂದಿದ ಕಡೆಯಾದರೂ ಅಷ್ಟು ಹುದ್ದೆ ತೆಗೆದಿಟ್ಟು ಉಳಿದವರನ್ನು ಜನವರಿಯಲ್ಲೇ ಶಾಲೆಗೆ ಕಳಿಸಬಹುದಿತ್ತು. ಮೇಲೆ ಹೇಳಿದ 64, 65, 66ರ ಸರಪಳಿ ನಿಜ, ನಾನು ಅಲ್ಲಗಳೆಯಲ್ಲ. ಆದರೆ ಅದು ಓಡುವುದು ಕಟ್ ಆಫ್ ಗೆರೆಯ ಹತ್ತಿರ. 85 ಅಂಕ ತೆಗೆದವಳನ್ನು ಯಾವ ಪ್ರಮಾಣಪತ್ರವೂ ಅಲುಗಿಸಲ್ಲ. ಆಕೆ ಯಾಕೆ ವರ್ಷ ಕಾಯಬೇಕು?

ಇಲ್ಲಿ ಒಂದು ಭೇದ ಗುರುತಿಸಬೇಕು. ಕೋರ್ಟಿಗೆ ಬರುವ ಮೀಸಲಾತಿ ಜಗಳಗಳೆಲ್ಲ ಒಂದೇ ತರಹ ಇರಲ್ಲ. ಪಟ್ಟಿ ಮಾಡಿದ ರೀತಿ ತಪ್ಪು ಅನ್ನುವ ಜಗಳ ಒಂದು. ಕೋಟಾದ ಪ್ರಮಾಣವೇ ತಪ್ಪು ಅನ್ನುವ ಜಗಳ ಇನ್ನೊಂದು. ಮೊದಲನೆಯದಕ್ಕೆ ಅಂತಿಮ ಪಟ್ಟಿಯ ಹೊತ್ತಿಗೆ ಸ್ವಲ್ಪ ದಿನ ನಿಲ್ಲಿಸುವುದರಲ್ಲಿ ಅರ್ಥ ಇರಬಹುದು. ಉತ್ತರ ಪ್ರದೇಶದ ತಪ್ಪು ಆ ಬಗೆಯದ್ದು. ಅದಕ್ಕೆ ಉತ್ತರವೂ ಕಷ್ಟದ್ದಲ್ಲ. ಸಾಮಾನ್ಯ ಪಟ್ಟಿ ಅಂದರೆ ಎಲ್ಲರಿಗೂ ತೆರೆದ ಪಟ್ಟಿ, ಮೀಸಲು ವರ್ಗದ ಮಹಿಳೆಯೂ ಅಂಕದ ಮೇಲೆ ಅಲ್ಲಿಗೆ ಬರಬಹುದು ಅಂತ ಸುಪ್ರೀಂ ಕೋರ್ಟ್ 2020ರ ಡಿಸೆಂಬರಿನಲ್ಲಿ, ಸೌರವ್ ಯಾದವ್ ಪ್ರಕರಣದಲ್ಲಿ, ಬಿಡಿಸಿ ಹೇಳಿದೆ. ಅದೂ ಉತ್ತರ ಪ್ರದೇಶದ ಪೊಲೀಸ್ ನೇಮಕಾತಿಯದ್ದೇ ಕೇಸು. ಇಷ್ಟಾದ ಮೇಲೂ ಇಲಾಖೆಯವರು ಹಳೆ ರೀತಿಯಲ್ಲೇ ಎಣಿಸಿದರೆ ಅಭ್ಯರ್ಥಿ ಏನು ಮಾಡಬೇಕು?

ಪ್ರಮಾಣದ ಜಗಳಕ್ಕೆ ಮಾತ್ರ ಎಲ್ಲವನ್ನೂ ನಿಲ್ಲಿಸುವ ಅಗತ್ಯ ಖಂಡಿತ ಇಲ್ಲ. ಕರ್ನಾಟಕದಲ್ಲಿ 2022ರಲ್ಲಿ ಪರಿಶಿಷ್ಟ ಜಾತಿಗೆ 15ರಿಂದ 17, ಪಂಗಡಕ್ಕೆ 3ರಿಂದ 7 ಆಯಿತು. ಹಿಂದುಳಿದವರ 32 ಸೇರಿ ಒಟ್ಟು 56. 50ರ ಗೆರೆ ದಾಟಿದ್ದನ್ನು ಹೈಕೋರ್ಟಿನಲ್ಲಿ ಪ್ರಶ್ನಿಸಿದ್ದಾರೆ. ಸರಿ, ಜಗಳ ಇರುವುದು ಮೇಲಿನ ಆರರ ಬಗ್ಗೆ. ನೂರು ಹುದ್ದೆಯಲ್ಲಿ ತೊಂಬತ್ತನಾಲ್ಕು ಯಾರ ಪಾಲಿಗೆ ಅನ್ನುವುದರಲ್ಲಿ ತಕರಾರೇ ಇಲ್ಲ. 2023ರಲ್ಲಿ ಆಗಿನ ಸರ್ಕಾರ ಮುಸ್ಲಿಮರಿಗಿರುವ 2ಬಿಯ ಶೇ 4 ತೆಗೆದು ಎರಡು ಬೇರೆ ವರ್ಗಗಳಿಗೆ ಹಂಚಲು ಹೊರಟಾಗ ಏನಾಯಿತು? ಸುಪ್ರೀಂ ಕೋರ್ಟಿನಲ್ಲಿ ಸರ್ಕಾರವೇ ಸದ್ಯಕ್ಕೆ ಜಾರಿ ಮಾಡಲ್ಲ ಅಂತ ಮಾತು ಕೊಟ್ಟಿತು. ಹಳೆ ಹಂಚಿಕೆ ಮುಂದುವರಿಯಿತು. ನಿಂತದ್ದು ಹೊಸ ಬದಲಾವಣೆ ಮಾತ್ರ, ಅದಕ್ಕಾಗಿ ನೇಮಕಾತಿ ನಿಲ್ಲಬೇಕಾಗಲಿಲ್ಲ. ಎರಡೂ ಒಂದೇ ಅಂದುಕೊಂಡು ನಾವು ವರ್ಷಗಟ್ಟಲೆ ಕಳೆದುಕೊಳ್ಳುತ್ತಿದ್ದೇವೆ.

ಮಧ್ಯಪ್ರದೇಶ ಇದನ್ನೇ ಅರೆಬರೆ ಮಾಡಿ ನೋಡಿದೆ. ಅಲ್ಲಿ 2019ರಲ್ಲಿ ಹಿಂದುಳಿದವರ ಪಾಲು 14ರಿಂದ 27ಕ್ಕೆ ಏರಿತು, ಕೋರ್ಟಿನಲ್ಲಿ ಸಿಕ್ಕಿಕೊಂಡಿತು. 2022ರಲ್ಲಿ ಸರ್ಕಾರ 87-13ರ ಸೂತ್ರ ತಂದಿತು. ತಕರಾರಿಲ್ಲದ 87 ಭಾಗದ ಫಲಿತಾಂಶ ಬಿಡುವುದು, ಜಗಳದ 13 ಭಾಗ ತಡೆದಿಡುವುದು. ತಡೆದಿಟ್ಟ 13ರಲ್ಲಿ ಸಿಕ್ಕವರ ಗತಿ ಚೆನ್ನಾಗಿಲ್ಲ, ವರ್ಷಗಳಿಂದ ಅತ್ತ ಆಯ್ಕೆಯೂ ಅಲ್ಲ ಇತ್ತ ಫೇಲೂ ಅಲ್ಲ. ಅದು ಸೂತ್ರದ ತಪ್ಪಲ್ಲ, ಕೇಸು ಮುಗಿಸದ್ದರ ತಪ್ಪು. ಮೇಲಿನವರ ಮಾತು ಕೇಳಿದ್ದರೆ ಆ 87 ಭಾಗದವರೂ ಇವತ್ತಿಗೂ ರೂಮಿನಲ್ಲೇ ಕೂತಿರುತ್ತಿದ್ದರು.

ನಿಲ್ಲಿಸಿದರೆ ಎಲ್ಲರಿಗೂ ಅವಸರ ಬರುತ್ತದೆ, ಬೇಗ ಮುಗಿಯುತ್ತದೆ ಅನ್ನುವ ಮಾತು ಓದಿ ನಗು ಬಂತು. ಒಳಮೀಸಲಾತಿಯದ್ದೇ ನೋಡಿ. 2024ರ ಆಗಸ್ಟ್ 1ಕ್ಕೆ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ ಪರಿಶಿಷ್ಟ ಜಾತಿಯೊಳಗೆ ಉಪವರ್ಗೀಕರಣ ಮಾಡಬಹುದು ಅಂದಿತು. ಅಕ್ಟೋಬರ್ 28ರ ನಮ್ಮ ರಾಜ್ಯದ ಸಂಪುಟ ಸಭೆ ಆಯೋಗ ರಚಿಸಲು ತೀರ್ಮಾನಿಸಿತು, ಅದರ ವರದಿ ಬರುವವರೆಗೆ ಹೊಸ ಅಧಿಸೂಚನೆ ಬೇಡ ಅಂದಿತು. ಯಾವ ಕೋರ್ಟೂ ನಿಲ್ಲಿಸಿ ಅಂದಿರಲಿಲ್ಲ. ಮೂರು ತಿಂಗಳಲ್ಲಿ ವರದಿ ಅಂದಿದ್ದರು. ನಾಗಮೋಹನ ದಾಸ್ ಆಯೋಗದ ವರದಿ ಬಂದದ್ದು 2025ರ ಆಗಸ್ಟ್ 4ಕ್ಕೆ. 19ಕ್ಕೆ ಸಂಪುಟ ಪರಿಶಿಷ್ಟ ಜಾತಿಯ ಶೇ 17ನ್ನು ಮೂರು ಗುಂಪಿಗೆ 6-6-5 ಅಂತ ಹಂಚಲು ಒಪ್ಪಿತು. ಸೆಪ್ಟೆಂಬರಿನಲ್ಲಿ ಧಾರವಾಡದ ರಸ್ತೆಯಲ್ಲಿ ಸಾವಿರಾರು ಹುಡುಗ ಹುಡುಗಿಯರು ನೇಮಕಾತಿ ಶುರು ಮಾಡಿ, ವಯೋಮಿತಿ ಸಡಿಲಿಸಿ ಅಂತ ಕೂಗಿದರು. ಒಳಮೀಸಲಾತಿ ಬೇಕು ಅಂತ ಮೂರು ದಶಕ ಹೋರಾಡಿದವರ ಮಕ್ಕಳೂ ಆ ಗುಂಪಿನಲ್ಲಿ ಇದ್ದಿರಲೇಬೇಕು. ನಿಂತ ನೇಮಕಾತಿಯಿಂದ ಖಜಾನೆಗೆ ಸಂಬಳ ಉಳಿಯುತ್ತದೆ. ಅವಸರ ಯಾರಿಗೆ?

ವಯಸ್ಸಿನ ಸಡಿಲಿಕೆ ಕೊಡುತ್ತಾರಲ್ಲ ಅಂತ ಸುಮ್ನೆ ಹೇಳಿಬಿಡುವುದು ಸುಲಭ. ಸಡಿಲಿಕೆ ಕೊಡುವುದು ಮತ್ತೊಮ್ಮೆ ಪರೀಕ್ಷೆ ಬರೆಯುವ ಅವಕಾಶ. ಆಗಲೇ ಪಾಸಾದವನಿಗೆ ಅದು ಬೇಕಾಗಿಲ್ಲ, ಅವನಿಗೆ ಬೇಕಿರುವುದು ಪಾಸಾದ ಕೆಲಸ. ಒಂದು ವರ್ಷ ತಡವಾಗಿ ಸೇರಿದರೆ ಒಂದು ವರ್ಷದ ಸಂಬಳ, ಬಡ್ತಿಗೆ ಎಣಿಸುವ ಒಂದು ವರ್ಷದ ಸೇವೆ ಎಲ್ಲ ಹೋಯಿತು. ಅದನ್ನು ಯಾವ ಸುತ್ತೋಲೆಯೂ ವಾಪಸ್ ಕೊಡಲ್ಲ.

ಕೋರ್ಟಿಗೆ ಹೋಗುವವರ ಬಗ್ಗೆಯೂ ಸ್ವಲ್ಪ ನೇರ ಮಾತು ಬೇಕು. ಹೆಚ್ಚಿನವರು ನಿಜವಾದ ನೋವಿನಿಂದ ಹೋಗುತ್ತಾರೆ. ಆದರೆ ಅಧಿಸೂಚನೆಯಲ್ಲಿ ಕೋಟಾ ಹಂಚಿಕೆ ಮೊದಲ ದಿನದಿಂದ ಅಚ್ಚಾಗಿರುತ್ತದೆ. ಅದನ್ನು ಓದಿ, ಅರ್ಜಿ ಹಾಕಿ, ಪರೀಕ್ಷೆ ಬರೆದು, ಹೆಸರು ಬರದ ಮೇಲೆ ಹಂಚಿಕೆಯೇ ತಪ್ಪು ಅಂತ ಹೋಗುವವರೂ ಕಡಿಮೆ ಇಲ್ಲ. ಒಪ್ಪಿಕೊಂಡು ಭಾಗವಹಿಸಿ, ಸೋತ ಮೇಲೆ ಪ್ರಶ್ನಿಸುವಂತಿಲ್ಲ ಅಂತ ಸುಪ್ರೀಂ ಕೋರ್ಟ್ ಎಷ್ಟೋ ಸಲ ಹೇಳಿದೆ. ಆದರೂ ಮಧ್ಯಂತರ ತಡೆ ಕೇಳಿದರೆ ಸಿಗುತ್ತದೆ, ಅಷ್ಟರಲ್ಲಿ ಆಗಬೇಕಾದ ನಷ್ಟ ಆಗಿಹೋಗಿರುತ್ತದೆ. ಆಯ್ಕೆಯಾದ ಸಾವಿರಾರು ಜನ ಆ ಕೇಸಿನಲ್ಲಿ ಪಕ್ಷಗಾರರೇ ಆಗಿರಲ್ಲ ಎಷ್ಟೋ ಬಾರಿ. ತಮ್ಮ ನೌಕರಿ ನಿಂತ ಸುದ್ದಿ ಅವರಿಗೆ ವಾಟ್ಸ್‌ಆ್ಯಪ್‌ನಲ್ಲಿ ಬರುತ್ತದೆ.

ಒಳಗೆ ಬಂದವರನ್ನು ಹೊರಗೆ ಹಾಕಲು ಕೋರ್ಟಿಗೆ ಮನಸ್ಸು ಬರಲ್ಲ ಅನ್ನುವ ದೂರು ಸರಿಯೇ. ಕಲ್ಕತ್ತಾ ಹೈಕೋರ್ಟ್ 2024ರ ಮೇ ತಿಂಗಳಲ್ಲಿ 2010ರ ನಂತರ ಕೊಟ್ಟ ಹಿಂದುಳಿದ ವರ್ಗದ ಪ್ರಮಾಣಪತ್ರಗಳನ್ನು ರದ್ದು ಮಾಡಿದಾಗಲೂ, ಅವುಗಳ ಮೇಲೆ ಆಗಲೇ ಕೆಲಸ ಪಡೆದವರನ್ನು ಮುಟ್ಟಲಿಲ್ಲ. ಮೊದಲ ವಾದ ಇದನ್ನು ದೌರ್ಬಲ್ಯ ಅನ್ನುತ್ತದೆ. ನನಗೆ ಇದರಲ್ಲಿ ತಪ್ಪು ಕಾಣಲ್ಲ. ಪ್ರಮಾಣಪತ್ರ ಕೊಟ್ಟದ್ದು ಸರ್ಕಾರ, ಕೋಟಾ ಬರೆದದ್ದು ಸರ್ಕಾರ. ಸರ್ಕಾರದ ತಪ್ಪಿಗೆ ನೌಕರ ಯಾಕೆ ಬೆಲೆ ತೆರಬೇಕು? ಮಹಾರಾಷ್ಟ್ರದಲ್ಲಿ ಮರಾಠಾ ಕೋಟಾದಲ್ಲಿ ಆಯ್ಕೆಯಾಗಿ, 2020ರ ಸೆಪ್ಟೆಂಬರಿನ ಸ್ಟೇಯಿಂದ ಆದೇಶ ಸಿಗದೆ ಉಳಿದವರಿದ್ದರು. 2021ರ ಮೇ ತಿಂಗಳಲ್ಲಿ ಆ ಮೀಸಲಾತಿಯೇ ರದ್ದಾಯಿತು. ಕೊನೆಗೆ ಅವರಿಗಾಗಿ ಹೆಚ್ಚುವರಿ ಹುದ್ದೆ ಸೃಷ್ಟಿಸಿ ಕಾನೂನು ಮಾಡಬೇಕಾಯಿತು. ಸ್ಟೇ ಕೊಟ್ಟ ಕಡೆಯೂ ಕೊನೆಗೆ ಬಂದು ನಿಂತದ್ದು ಹೆಚ್ಚುವರಿ ಹುದ್ದೆಗೇ. ಹಾಗಿದ್ದರೆ ನಡುವಿನ ಆ ವರ್ಷಗಳು ಯಾಕೆ ಬೇಕಿತ್ತು?

ಬಿಹಾರದಂಥ ಕಡೆ ಸರ್ಕಾರದ ಅತಿ ಧೈರ್ಯಕ್ಕೆ ಕಡಿವಾಣ ಬೇಕು ಅನ್ನುವುದನ್ನು ಮಾತ್ರ ಒಪ್ಪುತ್ತೇನೆ. ಆ ಕಡಿವಾಣ ಅಧಿಸೂಚನೆಗೆ ಮೊದಲೇ ಬೀಳಬೇಕು. ಸಬರ್‌ವಾಲ್ ಪ್ರಕರಣದ ತೀರ್ಪು ಬಂದ 1995ರಿಂದ ಹುದ್ದೆ ಆಧಾರಿತ ರೋಸ್ಟರ್ ಇರಬೇಕು ಅನ್ನುವುದು ಕಾನೂನು. ಆ ರೋಸ್ಟರ್ ರಿಜಿಸ್ಟರನ್ನು ಎಲ್ಲರಿಗೂ ಕಾಣುವ ಹಾಗೆ ಹಾಕಲಿ. ಯಾವ ಪ್ರಮಾಣಪತ್ರ, ಯಾರ ಆದಾಯ, 371(ಜೆ) ಅಭ್ಯರ್ಥಿಯನ್ನು ಮೊದಲು ಯಾವ ಪಟ್ಟಿಯಲ್ಲಿ ನೋಡಬೇಕು ಅನ್ನುವುದನ್ನು ಮೊದಲೇ ಬರೆಯಲಿ. ಆಟ ಶುರುವಾದ ಮೇಲೆ ನಿಯಮ ಬದಲಿಸುವಂತಿಲ್ಲ ಅಂತ 2024ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟಿನ ಐವರ ಪೀಠ ಹೇಳಿ ಆಗಿದೆ. ಆಕ್ಷೇಪಣೆ ಇದ್ದವರು ಪರೀಕ್ಷೆಗೆ ಮೊದಲೇ ಕೆಎಟಿಗೆ ಬರಲಿ, ಕೆಎಟಿ ಪರೀಕ್ಷೆಗೆ ಮೊದಲೇ ಮುಗಿಸಲಿ.

ಅದೂ ದಾಟಿ ಪಟ್ಟಿಯ ಹೊತ್ತಿಗೆ ಜಗಳ ಬಂದರೆ, ಅರ್ಜಿದಾರರಿಗೆ ಎಷ್ಟು ಹುದ್ದೆ ಬೇಕೋ ಅಷ್ಟನ್ನು ಖಾಲಿ ಇಟ್ಟು ಉಳಿದವರಿಗೆ ಆದೇಶ ಕೊಡಲಿ. ಅರ್ಜಿದಾರರು ಗೆದ್ದರೆ ಅದೇ ಬ್ಯಾಚಿನ ಜ್ಯೇಷ್ಠತೆ ಕೊಟ್ಟು ಸೇರಿಸಿಕೊಳ್ಳಲಿ. ಆಗ ಉಳಿಯುವ ಜಗಳ ಹಿಂಬಾಕಿ ವೇತನದ್ದು. ಅದು ದುಡ್ಡಿನ ಲೆಕ್ಕ. ತಪ್ಪು ಪಟ್ಟಿ ಮಾಡಿದ ಇಲಾಖೆ ಅದನ್ನು ಕಟ್ಟಿಕೊಡಬಹುದು.